ರನೊಮಫಾನದ ದೊಡ್ಡ ಬಿದಿರು ಲೆಮೂರ್: ಕಾಡು ಉಳಿಯಿತು, ಹಿಂಡು ಕರಗಿತು

ಮಲೆನಾಡಿನಲ್ಲಿ ಮಳೆ ಹಿಡಿದ ಸ್ವಲ್ಪ ದಿನಕ್ಕೆ ಕಳಲೆ ಬರುತ್ತದೆ. ತಂದ ದಿನವೇ ಯಾರೂ ಅದನ್ನು ಪಲ್ಯ ಮಾಡುವುದಿಲ್ಲ. ಸಿಪ್ಪೆ ಸುಲಿದು, ಹೆಚ್ಚಿ, ನೀರಿನಲ್ಲಿ ನೆನೆ ಹಾಕುತ್ತಾರೆ. ಎರಡು ಮೂರು ದಿನ ಹಳೆ ನೀರು ಚೆಲ್ಲಿ ಹೊಸ ನೀರು ಹಾಕುತ್ತಾರೆ. ಇಲ್ಲದಿದ್ದರೆ ವಿಷ ಎಂದು ಮನೆಯ ಹಿರಿಯರು ಹೇಳುತ್ತಾರೆ. ಅವರ ಮಾತು ಸರಿ. ಎಳೆ ಬಿದಿರನ್ನು ಕತ್ತರಿಸಿದಾಗ, ಜಗಿದಾಗ ಅದರಿಂದ ಸಯನೈಡ್ ಹುಟ್ಟುತ್ತದೆ. ನೆನೆಸಿ ಬೇಯಿಸಿದರೆ ಅದು ಹೋಗುತ್ತದೆ.

ಮಡಗಾಸ್ಕರ್ ದ್ವೀಪದ ಆಗ್ನೇಯ ದಿಕ್ಕಿನ ಮಳೆಕಾಡಿನಲ್ಲಿ ಒಂದೂವರೆ ಕೆ.ಜಿ. ತೂಕದ ಪ್ರಾಣಿಯೊಂದಿದೆ. ಅದು ಇದೇ ಕಳಲೆಯನ್ನು ನೆನೆಸದೆ, ಬೇಯಿಸದೆ ದಿನವಿಡೀ ತಿನ್ನುತ್ತದೆ. ಹೆಸರು ಹೊಂಬಣ್ಣದ ಬಿದಿರು ಲೆಮೂರ್. ಅದೇ ಕಾಡಿನಲ್ಲಿ, ಅದೇ ಬಿದಿರ ಮೆಳೆಯಲ್ಲಿ ಅದಕ್ಕೊಬ್ಬ ದೊಡ್ಡ ನೆಂಟ ಇದ್ದಾನೆ, ದೊಡ್ಡ ಬಿದಿರು ಲೆಮೂರ್. ಇಬ್ಬರಿಗೋಸ್ಕರ ಒಂದು ರಾಷ್ಟ್ರೀಯ ಉದ್ಯಾನವೇ ಆಯಿತು. ಕಾಡು ಉಳಿಯಿತು. ಆದರೆ ಸಂಶೋಧಕರು ಕಣ್ಣಿಟ್ಟು ಕಾದ ಜಾಗದಲ್ಲೇ ದೊಡ್ಡ ನೆಂಟನ ಹಿಂಡು ಕರಗುತ್ತಾ ಹೋಯಿತು. ಯಾಕೆ ಹೀಗಾಯಿತು ಎಂಬುದೇ ಈ ಪ್ರಕರಣ.

1986ರ ಹುಡುಕಾಟ

ಲೆಮೂರ್ ಎಂದರೆ ನಮ್ಮ ಕಾಡುಪಾಪದ ದೂರದ ಬಂಧು. ತೇವದ ಮೂಗು, ಕಾಲಿನ ಎರಡನೇ ಬೆರಳಿನಲ್ಲಿ ಮೈ ಕೆರೆದುಕೊಳ್ಳುವ ಉಗುರು, ಬಾಚಣಿಗೆಯಂತೆ ಮುಂದೆ ಚಾಚಿದ ಕೆಳಗಿನ ಹಲ್ಲುಗಳು. ಇವೆಲ್ಲ ಎರಡಕ್ಕೂ ಇವೆ. ಕಾಡುಪಾಪ ರಾತ್ರಿಯಲ್ಲಿ ಹುಳ ಹಿಡಿದು ಬದುಕುತ್ತದೆ. ಮಡಗಾಸ್ಕರ್‌ನಲ್ಲಿ ಕೋತಿಗಳೇ ಇಲ್ಲ. ಹಾಗಾಗಿ ಅಲ್ಲಿ ಲೆಮೂರ್‌ಗಳು ನೂರಕ್ಕೂ ಹೆಚ್ಚು ಬಗೆಯಾಗಿ ಕವಲೊಡೆದವು. ಹಣ್ಣು ತಿನ್ನುವವು, ಎಲೆ ತಿನ್ನುವವು, ಹೂವಿನ ಮಕರಂದ ಹೀರುವವು, ಮರ ಕೊರೆದು ಹುಳ ತೆಗೆಯುವವು. ಕೆಲವು ಮಾತ್ರ ಬಿದಿರು ಹಿಡಿದವು.

ದೊಡ್ಡ ಬಿದಿರು ಲೆಮೂರ್ ಅಳಿದೇ ಹೋಗಿದೆ ಎಂದು ಒಂದು ಕಾಲಕ್ಕೆ ವಿಜ್ಞಾನಿಗಳು ಭಾವಿಸಿದ್ದರು. 1972ರಲ್ಲಿ ಕಿಯಾಂಜವಾಟೊ ಎಂಬ ಊರಿನ ಹತ್ತಿರದ ಕಾಫಿ ತೋಟದ ಸೀಮೆಯಲ್ಲಿ ಅದು ಮತ್ತೆ ಸಿಕ್ಕಿತು. ಆಮೇಲೆ ಮತ್ತೆ ಸುದ್ದಿಯಿಲ್ಲ. 1986ರಲ್ಲಿ ಅಮೆರಿಕದ ಸಂಶೋಧಕಿ ಪೆಟ್ರೀಷಿಯಾ ರೈಟ್ ಅದು ಇನ್ನೂ ಬದುಕಿದೆಯೇ ಎಂದು ನೋಡಲು ಬಂದರು. ಹುಡುಕುತ್ತಾ ರನೊಮಫಾನ ಎಂಬ ಊರು ತಲುಪಿದರು. ಮಲಗಾಸಿ ಭಾಷೆಯಲ್ಲಿ ರನೊ ಎಂದರೆ ನೀರು, ಮಫಾನ ಎಂದರೆ ಬಿಸಿ. ಊರಿನಲ್ಲಿ ಬಿಸಿನೀರಿನ ಬುಗ್ಗೆಗಳಿವೆ. ಪಕ್ಕದಲ್ಲಿ ನಮೊರೊನಾ ಹೊಳೆ, ಮೇಲೆ ದಟ್ಟ ಗುಡ್ಡಗಾಡು.

ಕಾಡಿನಲ್ಲಿ ಕಂಡದ್ದು ಬಿದಿರು ತಿನ್ನುವ ಲೆಮೂರೇ. ಆದರೆ ಅದರ ಬಣ್ಣ ಬೇರೆ, ಗಾತ್ರ ಬೇರೆ. ಮುಖದ ಸುತ್ತ ಹೊಂಬಣ್ಣ. ಅದು ವಿಜ್ಞಾನಕ್ಕೆ ಅಲ್ಲಿಯವರೆಗೆ ಗೊತ್ತೇ ಇರದ ಪ್ರಾಣಿ. ಜರ್ಮನಿಯ ಬರ್ನ್‌ಹಾರ್ಡ್ ಮೇಯರ್ ಕೂಡ ಅದೇ ಕಾಲಕ್ಕೆ ಅಲ್ಲಿ ಕೆಲಸ ಮಾಡುತ್ತಿದ್ದರು. 1987ರಲ್ಲಿ ಇಬ್ಬರೂ ಇತರ ಮೂವರ ಜೊತೆ ಸೇರಿ ಅದಕ್ಕೆ ವೈಜ್ಞಾನಿಕ ಹೆಸರು ಕೊಟ್ಟರು. ಊರಿನ ಜನಕ್ಕೆ ಅದು ಹೊಸದೇನಲ್ಲ. ಅವರು ಅದನ್ನು ವರಿಬೊಲೊಮೆನ ಎನ್ನುತ್ತಾರೆ. ವೊಲೊ ಎಂದರೆ ಬಿದಿರು, ಮೆನ ಎಂದರೆ ಕೆಂಪು. ಹುಡುಕಿಕೊಂಡು ಬಂದಿದ್ದ ದೊಡ್ಡ ಬಿದಿರು ಲೆಮೂರ್ ಕೂಡ ಅದೇ ಕಾಡಿನಲ್ಲಿ ಸಿಕ್ಕಿತು. ಚಿಕ್ಕ ಬೂದು ಬಿದಿರು ಲೆಮೂರ್ ಅಲ್ಲೇ ಇತ್ತು. ಹೀಗೆ ಒಂದೇ ಕಾಡಿನಲ್ಲಿ ಬಿದಿರು ತಿನ್ನುವ ಮೂರು ಬಗೆ.

ಆ ಹೊತ್ತಿಗೆ ಮರ ಕಡಿಯುವವರೂ ಕಾಡಿಗೆ ಬಂದಿದ್ದರು. ರೈಟ್ ರಾಜಧಾನಿ ಅಂಟನನರಿವೊಗೆ ಹೋಗಿ ಅರಣ್ಯ ಇಲಾಖೆಯನ್ನು ಕೇಳಿದರು. ರಾಷ್ಟ್ರೀಯ ಉದ್ಯಾನ ಮಾಡೋಣ, ಆದರೆ ಹಣ ನೀವೇ ತರಬೇಕು ಎಂಬ ಉತ್ತರ ಬಂತು. ಲೆಮೂರ್ ನೋಡಲು ಬಂದಿದ್ದ ಹೆಂಗಸು ಹಳ್ಳಿಯಿಂದ ಹಳ್ಳಿಗೆ ನಡೆದು ಜನರ ಜೊತೆ ಕೂತು ಮಾತಾಡಿದರು, ಗಡಿ ಗುರುತಿಸುವ ಕೆಲಸದಲ್ಲಿ ನಿಂತರು, ದೇಶ ದೇಶ ತಿರುಗಿ ಹಣ ಹೊಂದಿಸಿದರು. 1991ರಲ್ಲಿ ಸುಮಾರು 41,600 ಹೆಕ್ಟೇರ್‌ನ ರನೊಮಫಾನ ರಾಷ್ಟ್ರೀಯ ಉದ್ಯಾನ ಆಯಿತು. 2007ರಲ್ಲಿ ಪೂರ್ವದ ಇನ್ನೂ ಐದು ಉದ್ಯಾನಗಳ ಜೊತೆ ಅದು ವಿಶ್ವ ಪರಂಪರೆಯ ತಾಣವೂ ಆಯಿತು. 12 ಬಗೆಯ ಲೆಮೂರ್‌ಗಳಿಗೆ ಅಲ್ಲಿ ನೆಲೆ ಸಿಕ್ಕಿತು.

ಒಂದೇ ಮೆಳೆ, ಮೂರು ಊಟ

ಒಂದೇ ಆಹಾರ ತಿನ್ನುವ ಮೂರು ಪ್ರಾಣಿಗಳು ಒಂದೇ ಜಾಗದಲ್ಲಿ ಹೇಗೆ ಬದುಕುತ್ತವೆ? ಚಿಯಾ ಟ್ಯಾನ್ ಎಂಬ ಸಂಶೋಧಕಿ ಇದನ್ನೇ ಹಿಡಿದು ವರ್ಷಗಟ್ಟಲೆ ಕೆಲಸ ಮಾಡಿದರು. ಉತ್ತರ ಬಿದಿರಿನ ಒಳಗೇ ಇದೆ. ಬಿದಿರು ನೋಡಲು ಒಂದೇ ಗಿಡ. ತಿನ್ನುವವರಿಗೆ ಅದರಲ್ಲಿ ಮೂರು ನಾಲ್ಕು ಬೇರೆ ಬೇರೆ ಆಹಾರಗಳಿವೆ.

ಚಿಕ್ಕ ಬೂದು ಲೆಮೂರ್ ಒಂದು ಕೆ.ಜಿ.ಗಿಂತ ಕಡಿಮೆ. ಅದಕ್ಕೆ ಸಣ್ಣ ಬಳ್ಳಿಬಿದಿರಿನ ಎಲೆಯ ಬುಡ ಸಾಕು. ಜೊತೆಗೆ ಹಣ್ಣು, ಹುಲ್ಲು ಸಿಕ್ಕರೂ ಆಯಿತು. ಹೊಂಬಣ್ಣದ್ದಕ್ಕೆ ದೊಡ್ಡ ಬಿದಿರಿನ ಎಳೆ ತುದಿ, ಕಳಲೆ, ಎಲೆ ಬುಡ ಬೇಕು. ವಿಷ ಇರುವುದು ಅಲ್ಲೇ. 1989ರಲ್ಲಿ ಪ್ರಕಟವಾದ ಒಂದು ಅಧ್ಯಯನದಲ್ಲಿ ಅದು ತಿನ್ನುವ ಎಳೆ ತುದಿಗಳನ್ನು ಅಳೆದರು. 100 ಗ್ರಾಂಗೆ 15 ಮಿ.ಗ್ರಾಂ. ಸಯನೈಡ್ ಇತ್ತು. ಪ್ರಾಣಿ ದಿನಕ್ಕೆ ಸುಮಾರು 500 ಗ್ರಾಂ ತಿನ್ನುತ್ತದೆ. ಅಂದರೆ 75 ಮಿ.ಗ್ರಾಂ. ಅಷ್ಟು ತೂಕದ ಪ್ರಾಣಿಯನ್ನು ಕೊಲ್ಲಲು ಬೇಕಾದದ್ದರ ಸುಮಾರು 12 ಪಟ್ಟು. ತಿಂದು, ಮರದ ಕವಲಿನಲ್ಲಿ ಮಲಗಿ, ಎದ್ದು, ಮತ್ತೆ ತಿನ್ನುತ್ತದೆ. ಅದರ ದೇಹ ಇದನ್ನು ಹೇಗೆ ತಾಳಿಕೊಳ್ಳುತ್ತದೆ ಎಂಬುದರ ಹಿಂದೆ ಸಂಶೋಧಕರು ಇವತ್ತಿಗೂ ಬಿದ್ದಿದ್ದಾರೆ.

ದೊಡ್ಡದರ ಕತೆ ಬೇರೆ. ಅದು ಎರಡೂವರೆ ಕೆ.ಜಿ. ತೂಗುತ್ತದೆ. ಕಿವಿಯಲ್ಲಿ ಬಿಳಿ ಕೂದಲ ಕುಚ್ಚು, ಅಗಲ ಮುಖ, ಬಲವಾದ ದವಡೆ. ಮಳೆಗಾಲದಲ್ಲಿ ಅದೂ ನೆಲಕ್ಕಿಳಿದು ಕಳಲೆ ತಿನ್ನುತ್ತದೆ. ಮಳೆ ನಿಂತು ಕಳಲೆ ಮುಗಿದ ಮೇಲೆ ಬೇರೆಯವರಿಗೆ ಸಾಧ್ಯವಿಲ್ಲದ ಕೆಲಸಕ್ಕೆ ಕೈ ಹಾಕುತ್ತದೆ. ಬಲಿತ ಬಿದಿರಿನ ಬೊಂಬನ್ನು ಹಲ್ಲಿನಿಂದ ಸೀಳುತ್ತದೆ. ಸೀಳಿ ಒಳಗಿನ ತಿರುಳು ತೆಗೆದು ಜಗಿಯುತ್ತದೆ. ಕಾಡಿನಲ್ಲಿ ಬಿದಿರು ಸಿಗಿಯುವ ಚಟಚಟ ಸದ್ದು ಕೇಳಿದರೆ ಅದು ಎಲ್ಲೋ ಹತ್ತಿರದಲ್ಲಿದೆ ಎಂದು ಗೈಡ್‌ಗಳಿಗೆ ಗೊತ್ತಾಗುತ್ತದೆ.

ಕತ್ತಿಯಿಂದ ಬಲಿತ ಬಿದಿರು ಕಡಿದವರಿಗೆ ಇದೆಂಥ ಕೆಲಸ ಎಂದು ಗೊತ್ತು. ಕತ್ತಿಯ ಬಾಯಿಯೇ ಮೊಂಡಾಗುತ್ತದೆ. ಬಿದಿರಿನಲ್ಲಿ ಮರಳಿನಂಥ ಸಿಲಿಕಾ ಇರುತ್ತದೆ. ಅದನ್ನು ಹಲ್ಲಿನಲ್ಲಿ ಮಾಡಬೇಕು, ದಿನಾ ಮಾಡಬೇಕು. ಬಿದಿರಿನ ಬೊಂಬನ್ನೇ ಮುಖ್ಯ ಆಹಾರ ಮಾಡಿಕೊಳ್ಳಬಲ್ಲ ಸಸ್ತನಿ ಇದನ್ನು ಬಿಟ್ಟರೆ ಚೀನಾದ ದೈತ್ಯ ಪಾಂಡಾ ಮಾತ್ರ. ಇವೆರಡರ ದವಡೆ ಹಲ್ಲುಗಳೂ ಒಂದನ್ನೊಂದು ಹೋಲುತ್ತವೆ. ಬಹಳ ಏಣುಗಳಿರುವ, ಜಟಿಲವಾದ ಹಲ್ಲುಗಳು. ಒಂದು ಕರಡಿ, ಒಂದು ಲೆಮೂರ್. ನೆಂಟಸ್ತಿಕೆ ಏನೂ ಇಲ್ಲ. ತಿನ್ನುವ ವಸ್ತು ಹಲ್ಲನ್ನು ಒಂದೇ ಕಡೆಗೆ ತಿದ್ದಿದೆ.

ಒಣಗಾಲ ಉದ್ದವಾದರೆ

ಈ ಪ್ರಕರಣದಲ್ಲಿ ನನ್ನ ಮನಸ್ಸನ್ನು ಹಿಡಿದು ನಿಲ್ಲಿಸಿದ್ದು 2017ರಲ್ಲಿ ಬಂದ ಒಂದು ಅಧ್ಯಯನ. ಯುಸ್ಸಿ ಎರೊನೆನ್, ಪೆಟ್ರೀಷಿಯಾ ರೈಟ್, ಯುಕ್ಕಾ ಯೆರ್ನ್‌ವಾಲ್ ಮುಂತಾದವರು ಸೇರಿ ಮಾಡಿದ್ದು. ಅವರು ರನೊಮಫಾನದ ದೊಡ್ಡ ಬಿದಿರು ಲೆಮೂರ್‌ಗಳನ್ನು 18 ತಿಂಗಳು ಹಿಂಬಾಲಿಸಿ, ಯಾವ ತಿಂಗಳು ಏನು ತಿನ್ನುತ್ತವೆ ಎಂದು ಬರೆದಿಟ್ಟರು. ತಿನ್ನುವ ಹೊತ್ತಿನಲ್ಲಿ ನೂರಕ್ಕೆ 95 ಭಾಗ ಒಂದೇ ಜಾತಿಯ ಬಿದಿರಿಗೆ ಹೋಗುತ್ತಿತ್ತು.

ಅದಕ್ಕಿಂತ ಮುಖ್ಯವಾದ ಸಂಗತಿ ಬೇರೆ ಇತ್ತು. ಅವು ಬೊಂಬಿನ ತಿರುಳನ್ನು ಇಷ್ಟಪಟ್ಟು ತಿನ್ನುತ್ತಿರಲಿಲ್ಲ. ಕಳಲೆ, ಎಳೆ ಎಲೆ ಸಿಗುವವರೆಗೆ ಅದನ್ನು ಮುಟ್ಟುವುದೂ ಕಡಿಮೆ. ಒಣಗಾಲದ ಆಗಸ್ಟ್‌ನಿಂದ ನವೆಂಬರ್‌ವರೆಗಿನ ತಿಂಗಳುಗಳಲ್ಲಿ, ಬೇರೆ ಗತಿಯಿಲ್ಲದಾಗ ಮಾತ್ರ ಬೊಂಬು ಸೀಳುತ್ತಿದ್ದವು. ಅದು ಬರಗಾಲದ ಊಟ. ಹೊಟ್ಟೆ ತುಂಬುತ್ತದೆ, ಮೈಗೆ ಹತ್ತುವುದು ಕಡಿಮೆ. ಅಷ್ಟು ಬಲವಾದ ದವಡೆ, ಅಷ್ಟು ಜಟಿಲ ಹಲ್ಲು, ಎಲ್ಲ ಇರುವುದು ವರ್ಷದ ಆ ನಾಲ್ಕು ಕೆಟ್ಟ ತಿಂಗಳು ದಾಟಲಿಕ್ಕೆ. ನಾಲ್ಕು ತಿಂಗಳು ಐದಾದರೆ, ಆರಾದರೆ?

ಮಳೆ ತಡವಾದರೆ ಕಳಲೆ ತಡವಾಗುತ್ತದೆ. ಅಷ್ಟು ದಿನ ಜಾಸ್ತಿ ಬೊಂಬು ಅಗಿಯಬೇಕು, ಹಲ್ಲು ಅಷ್ಟು ಜಾಸ್ತಿ ಸವೆಯುತ್ತದೆ. ಮರಿ ಹುಟ್ಟುವುದೂ ಹೆಚ್ಚುಕಡಿಮೆ ಮಳೆ ಶುರುವಾಗುವ ಹೊತ್ತಿಗೆ. ತಾಯಿ ಹಾಲು ಕೊಡುವಾಗ ಕಳಲೆ ಇರಬೇಕು. ಇಲ್ಲದಿದ್ದರೆ ಬರಗಾಲದ ಊಟದಲ್ಲೇ ಮರಿ ಸಾಕಬೇಕು. ವರ್ಷಕ್ಕೆ ಒಂದೇ ಮರಿ. ಅದು ಹೋದರೆ ಆ ವರ್ಷ ಹೋಯಿತು.

ಇದು ಬರೀ ಊಹೆಯಲ್ಲ. ಅದೇ ಕಾಡಿನ ಇನ್ನೊಂದು ಲೆಮೂರ್ ಸಿಫಾಕದಲ್ಲಿ ಇದನ್ನು ಮೊದಲೇ ನೋಡಿದ್ದರು. ಸಿಫಾಕಗಳು ಎಲೆ, ಹಣ್ಣು, ಬೀಜ ತಿನ್ನುವ, ಮರದಿಂದ ಮರಕ್ಕೆ ನೆಟ್ಟಗೆ ಜಿಗಿಯುವ ದೊಡ್ಡ ಲೆಮೂರ್‌ಗಳು. 1986ರಿಂದ ಅವುಗಳಲ್ಲಿ ಒಂದೊಂದನ್ನೂ ಗುರುತಿಟ್ಟು ನೋಡುತ್ತಾ ಬಂದಿದ್ದಾರೆ. ಹಲ್ಲಿನ ಅಚ್ಚು ತೆಗೆದು ಅಳೆದಿದ್ದಾರೆ. 2005ರಲ್ಲಿ ಬಂದ ಫಲಿತಾಂಶ ಹೀಗಿತ್ತು: ವಯಸ್ಸಾದ, ಹಲ್ಲು ಸವೆದ ತಾಯಂದಿರಿಗೂ ಮರಿಯಾಗುತ್ತಿತ್ತು. ಆದರೆ ಹಾಲು ಕೊಡುವ ತಿಂಗಳುಗಳಲ್ಲಿ ಮಳೆ ಕಡಿಮೆಯಾದರೆ ಆ ಮರಿಗಳು ಉಳಿಯುತ್ತಿರಲಿಲ್ಲ. ಹಲ್ಲು ಗಟ್ಟಿಯಿದ್ದ ಎಳೆಯ ತಾಯಂದಿರು ಅದೇ ಮಳೆಯ ಕೊರತೆಯನ್ನು ನಿಭಾಯಿಸುತ್ತಿದ್ದರು. ಮುದಿ ಎಮ್ಮೆಗೆ ಹಲ್ಲು ಹೋದರೆ ಒಣಹುಲ್ಲಿನಲ್ಲಿ ಹಾಲು ಬರುವುದಿಲ್ಲ ಎಂದು ನಮ್ಮ ಹಳ್ಳಿಯವರಿಗೂ ಗೊತ್ತು, ಅಲ್ವಾ. ಹಸಿರು ಮೇವು ಸಿಕ್ಕರೆ ಅದೇ ಎಮ್ಮೆ ಹೇಗೋ ನಡೆಸಿಕೊಂಡು ಹೋಗುತ್ತದೆ.

ಪಾಂಡಾಕ್ಕೂ ದೊಡ್ಡ ಬಿದಿರು ಲೆಮೂರಿಗೂ ಒಂದು ವ್ಯತ್ಯಾಸ ಇದೆ. ಪಾಂಡಾ ಋತುವಿಗೆ ತಕ್ಕಂತೆ ಬೆಟ್ಟ ಹತ್ತಿ ಇಳಿದು ಬೇರೆ ಬೇರೆ ಎತ್ತರದ ಬೇರೆ ಬೇರೆ ಬಿದಿರು ತಿನ್ನುತ್ತದೆ. ರನೊಮಫಾನದ ಈ ಲೆಮೂರ್ ಹೆಚ್ಚುಕಡಿಮೆ ಒಂದೇ ಬಿದಿರನ್ನು ನಂಬಿದೆ. ಬಿದಿರು ಇಲ್ಲದ ಕಡೆ ಹೋಗಿ ಬದುಕಲಾರದು. ದ್ವೀಪದ ಉತ್ತರ ತುದಿಯ ಅಂಕಾರಾನದ ಗುಹೆಗಳಲ್ಲಿ ಇದೇ ಪ್ರಾಣಿಯ ಹಳೆಯ ಮೂಳೆಗಳು ಸಿಕ್ಕಿವೆ. ಅಲ್ಲಿ ಈಗ ಒಂದೂ ಇಲ್ಲ. ದ್ವೀಪದ ಬಹುಭಾಗದಲ್ಲಿದ್ದ ಪ್ರಾಣಿ ಪೂರ್ವದ ತೇವದ ಅಂಚಿಗೆ ಬಂದು ಸೇರಿತು. ಅಲ್ಲೂ ಬಿದಿರು ಮೆಳೆ ಇರುವ ತುಣುಕುಗಳಲ್ಲಿ ಮಾತ್ರ ಉಳಿಯಿತು.

ಹಿಂಡು ಕರಗಿದ್ದು

ರನೊಮಫಾನದಲ್ಲಿ ತಲಾತಾಕೆಲಿ ಎಂಬ ಜಾಗ ಇದೆ. 1986-87ರಲ್ಲಿ ಮರ ಕಡಿದದ್ದು ಅಲ್ಲೇ. ಕಡಿದ ಜಾಗದಲ್ಲಿ ಬಿದಿರು ಚೆನ್ನಾಗಿ ಎದ್ದಿತು. ಪ್ರವಾಸಿಗರು ನಡೆಯುವುದೂ, ಸಂಶೋಧಕರು ಹೆಚ್ಚು ಕೆಲಸ ಮಾಡಿದ್ದೂ ಅಲ್ಲಿ. ದೊಡ್ಡ ಬಿದಿರು ಲೆಮೂರ್‌ಗಳ ಒಂದು ಹಿಂಡು ಅಲ್ಲಿತ್ತು. ಅದು ಸಣ್ಣದಾಗುತ್ತಾ ಬಂತು. ಕೊನೆಗೆ ಒಂದು ಕಾಲದಲ್ಲಿ ಉಳಿದದ್ದು ಎರಡೇ. ಅಪ್ಪ ಮತ್ತು ಮಗಳು.

ಅಪ್ಪ-ಮಗಳಿಂದ ವಂಶ ಬೆಳೆಯುವುದಿಲ್ಲ. ಬೇರೆ ಹಿಂಡಿನಿಂದ ಗಂಡು ಬರಬೇಕು. ಬರಲು ಹತ್ತಿರದಲ್ಲಿ ಹಿಂಡು ಇರಬೇಕು, ನಡುವೆ ಮರಗಳ ಮೇಲೇ ದಾಟಿ ಬರುವ ದಾರಿ ಇರಬೇಕು. ಸುತ್ತ 41,600 ಹೆಕ್ಟೇರ್ ಕಾಡಿದೆ. ಆದರೆ ಆ ಕಾಡೆಲ್ಲ ಬಿದಿರಲ್ಲ. ದೊಡ್ಡ ಬಿದಿರು ಹೊಳೆಯ ಬದಿ, ಹಿಂದೆ ಕಡಿದ ಜಾಗ, ಬೆಳಕು ಬೀಳುವ ಇಳಿಜಾರುಗಳಲ್ಲಿ ಅಲ್ಲಲ್ಲಿ ಬರುತ್ತದೆ. ನಕ್ಷೆಯಲ್ಲಿ ಹಸಿರು ಒಂದೇ ಸಮ ಕಾಣುತ್ತದೆ. ಲೆಮೂರಿನ ಕಣ್ಣಿಗೆ ಅದು ಸಣ್ಣ ಸಣ್ಣ ದ್ವೀಪಗಳು. ಸಂರಕ್ಷಣೆಯನ್ನು ಹೆಕ್ಟೇರ್‌ನಲ್ಲಿ ಎಣಿಸುವಾಗ ನಮಗೆ ತಪ್ಪಿಹೋಗುವುದು ಇದೇ ಎಂದು ನನಗೆ ಅನಿಸುತ್ತದೆ.

ಹಲ್ಲಿನ ಸವೆತ ಒಂದೇ ಕಾರಣ ಎಂದು ಹೇಳುವುದೂ ಸರಿಯಲ್ಲ. ಫೊಸಾ ಎಂಬ ಬೇಟೆಗಾರ ಪ್ರಾಣಿ ಆ ಕಾಡಿನಲ್ಲಿದೆ. ಮರ ಹತ್ತಿ ಲೆಮೂರ್ ಹಿಡಿಯುತ್ತದೆ. ಇಪ್ಪತ್ತು ಮೂವತ್ತು ಇರುವ ಹಿಂಡು ಒಂದೆರಡನ್ನು ಕಳೆದುಕೊಂಡರೂ ನಡೆಯುತ್ತದೆ. ನಾಲ್ಕು ಇರುವ ಹಿಂಡಿಗೆ ಅದು ಪೂರ್ತಿ ನಷ್ಟ. ಜನ ಮನೆಗೆ, ಬೇಲಿಗೆ, ನೀರು ತರುವ ಕೊಳವೆಗೆ ಬಿದಿರು ಕಡಿಯುತ್ತಾರೆ. ಮಡಗಾಸ್ಕರ್‌ನ ರಾಷ್ಟ್ರೀಯ ವಾದ್ಯ ವಲಿಹಾ ಕೂಡ ಬಿದಿರಿನದೇ. ಬೇಟೆ, ಕಳ್ಳತನದ ಚಿನ್ನದ ಗಣಿ ಬೇರೆ. 2009ರ ರಾಜಕೀಯ ಗಲಾಟೆಯ ನಂತರ ಮರಗಳ್ಳತನ ಹೆಚ್ಚಿ, 2010ರಲ್ಲಿ ಈ ಪೂರ್ವದ ಕಾಡುಗಳನ್ನು ಅಪಾಯದಲ್ಲಿರುವ ಪರಂಪರೆಯ ಪಟ್ಟಿಗೆ ಸೇರಿಸಿದರು. ಹೆಚ್ಚು ಕಡಿದದ್ದು ಉತ್ತರದ ಉದ್ಯಾನಗಳಲ್ಲಿ, ನಿಜ. ಆದರೂ ಕಾವಲು ಸಡಿಲವಾದರೆ ಏನಾಗುತ್ತದೆ ಎಂದು ಎಲ್ಲರಿಗೂ ಗೊತ್ತಾಯಿತು.

ಇಲ್ಲಿ ಜನರ ಪಾಲನ್ನೂ ಹೇಳಬೇಕು. ಉದ್ಯಾನದ ಸುತ್ತ ತನಾಲ ಮತ್ತು ಬೆತ್ಸಿಲಿಯೊ ಸಮುದಾಯಗಳಿವೆ. ತನಾಲ ಎಂದರೆ ಕಾಡಿನ ಜನ ಎಂದೇ ಅರ್ಥ. ಅವರ ಬೇಸಾಯ ತಾವಿ. ಗುಡ್ಡದ ಕಾಡು ಕಡಿದು, ಒಣಗಿಸಿ, ಸುಟ್ಟು, ಮಳೆಗೆ ಭತ್ತ ಬಿತ್ತುವುದು. ನಮ್ಮ ಉತ್ತರ ಕನ್ನಡ ಸೀಮೆಯ ಕುಮರಿಯಂಥದ್ದೇ. ಉದ್ಯಾನ ಬಂದ ಮೇಲೆ ಅದರೊಳಗೆ ತಾವಿ ಇಲ್ಲ, ಬೇಟೆ ಇಲ್ಲ. ಪ್ರವೇಶ ಶುಲ್ಕದ ಅರ್ಧ ಭಾಗ ಹಳ್ಳಿಗಳಿಗೆ ಎಂದು ಆರಂಭದಲ್ಲಿ ಇಟ್ಟರು. ಕೆಲವರು ಗೈಡ್ ಆದರು, ಸಂಶೋಧನೆಯ ಸಹಾಯಕರಾದರು. 2003ರಲ್ಲಿ ಶುರುವಾದ ಸೆಂಟರ್ ವಾಲ್‌ಬಯೊ ಎಂಬ ಸಂಶೋಧನಾ ಕೇಂದ್ರ ಊರಿನ ಅನೇಕರಿಗೆ ಕೆಲಸ ಕೊಟ್ಟಿದೆ. ಆದರೂ ರಸ್ತೆಯಿಂದ ದೂರದ ಹಳ್ಳಿಗಳಿಗೆ ಪ್ರವಾಸಿಗರ ಹಣ ತಲುಪುವುದು ಕಷ್ಟ. ಕಾಡು ಬಿಟ್ಟುಕೊಟ್ಟವರು ಅವರೂ ಹೌದು. ಆ ಮಾತನ್ನು ಬಿಟ್ಟು ಈ ಕಾಡಿನ ಯಶಸ್ಸನ್ನು ಹೇಳಿದರೆ ಅದು ಅರ್ಧ ಕತೆ.

ಕಾಫಿ ತೋಟದ ಪಕ್ಕ

ರನೊಮಫಾನದಲ್ಲಿ ಹಿಂಡು ಕರಗುತ್ತಿದ್ದಾಗ ಬೇರೆ ಕಡೆಯಿಂದ ಒಳ್ಳೆಯ ಸುದ್ದಿ ಬಂತು. 2007ರಲ್ಲಿ ಬಹಳ ಉತ್ತರದ ಟೊರೊಟೊರೊಫೊಟ್ಸಿ ಜೌಗು ಪ್ರದೇಶದ ಪಕ್ಕದ ಕಾಡಿನಲ್ಲಿ ದೊಡ್ಡ ಬಿದಿರು ಲೆಮೂರ್ ಇರುವುದು ಖಚಿತವಾಯಿತು. ಅಷ್ಟು ದೂರದಲ್ಲಿ ಇರಬಹುದು ಎಂದು ಯಾರೂ ಎಣಿಸಿರಲಿಲ್ಲ. ಆಮೇಲೆ ಹುಡುಕಿದಂತೆಲ್ಲ ಇನ್ನಷ್ಟು ಹಿಂಡುಗಳು ಸಿಕ್ಕವು. ಎಷ್ಟೋ ಕಡೆ ಅವು ಇದ್ದದ್ದು ಉದ್ಯಾನದ ಒಳಗಲ್ಲ. ಹಳ್ಳಿಯ ಪಕ್ಕದ ಹಳೆಯ ತಾವಿ ಜಾಗದಲ್ಲಿ, ಭತ್ತದ ಗದ್ದೆಯ ಮೇಲಿನ ಬಿದಿರಿನಲ್ಲಿ, ತೋಟಗಳ ನಡುವೆ.

ಯೋಚಿಸಿದರೆ ಇದರಲ್ಲಿ ಅಚ್ಚರಿಯಿಲ್ಲ. ಬಿದಿರಿಗೆ ಬೆಳಕು ಬೇಕು. ಕಾಡು ಕಡಿದು ಬಿಟ್ಟ ಜಾಗದಲ್ಲಿ ಅದು ಬೇಗ ಏಳುತ್ತದೆ. ಆ ಬಿದಿರನ್ನು ಹಿಂಬಾಲಿಸಿ ಲೆಮೂರ್ ಬರುತ್ತದೆ. ಹಾಗೆ ಬಂದ ಮೇಲೆ ಅದರ ಬದುಕು ಪೂರ್ತಿ ಆ ಹಳ್ಳಿಯವರ ಕೈಯಲ್ಲಿರುತ್ತದೆ. ಮುಂದಿನ ಸಲ ತಾವಿಗೆ ಬೆಂಕಿ ಇಟ್ಟಾಗ ಮೆಳೆ ಉಳಿಸುತ್ತಾರೋ ಇಲ್ಲವೋ ಎಂಬುದರ ಮೇಲೆ.

1972ರಲ್ಲಿ ಈ ಪ್ರಾಣಿ ಮತ್ತೆ ಕಂಡ ಕಿಯಾಂಜವಾಟೊದಲ್ಲಿ ಇವತ್ತು ಹಲವು ಹಿಂಡುಗಳಿವೆ. ಅಲ್ಲಿನ ಕಾಡು ತುಂಡು ತುಂಡಾಗಿದೆ. ಎಡ್ವರ್ಡ್ ಲೂಯಿಸ್ ಎಂಬ ತಳಿವಿಜ್ಞಾನಿ ಶುರು ಮಾಡಿದ ಸಂಸ್ಥೆಯೊಂದು ಊರಿನವರ ಜೊತೆ ಸೇರಿ ಆ ತುಂಡುಗಳ ನಡುವೆ ಸಸಿ ನೆಡುತ್ತಿದೆ. ನೆಟ್ಟವರ ಲೆಕ್ಕದಲ್ಲಿ ಅಂಕ ಜಮೆಯಾಗುತ್ತದೆ. ಅದನ್ನು ಕೊಟ್ಟು ಸೌದೆ ಉಳಿಸುವ ಒಲೆಯನ್ನೋ ಸೈಕಲನ್ನೋ ಮನೆಗೆ ತರಬಹುದು.

ನರ್ಸರಿಗೆ ಬೀಜ ಬರುವ ದಾರಿಯಂತೂ ನನಗೆ ಬಹಳ ಇಷ್ಟವಾಯಿತು. ಅದೇ ಕಾಡಿನಲ್ಲಿ ಕಪ್ಪು ಬಿಳಿ ಬಣ್ಣದ ಇನ್ನೊಂದು ಲೆಮೂರ್ ಇದೆ. ಅದು ಹಣ್ಣುಗಳನ್ನು ಬೀಜದ ಸಮೇತ ನುಂಗುತ್ತದೆ. ಊರಿನ ಹುಡುಗರು ಬೆಳಗಿನಿಂದ ಅದರ ಹಿಂದೆ ಮರದ ಕೆಳಗೆ ನಡೆಯುತ್ತಾರೆ. ಮೇಲಿನಿಂದ ಹಿಕ್ಕೆ ಬಿದ್ದ ಕೂಡಲೇ ಆರಿಸಿ, ಬೀಜ ತೊಳೆದು, ಮಣ್ಣು ತುಂಬಿದ ಚೀಲಗಳಿಗೆ ಹಾಕುತ್ತಾರೆ. ಮಳೆ ಬಂದಾಗ ಆ ಸಸಿಗಳು ಗುಡ್ಡ ಹತ್ತುತ್ತವೆ.